ಟೆನಿಸ್ ಆಡಿ ಬದುಕೋದು ಅಂದ್ರೆ

2025ರ ನವೆಂಬರ್ 1, ರಾಜ್ಯೋತ್ಸವದ ದಿನವೇ ರೋಹನ್ ಬೋಪಣ್ಣ ಟೆನಿಸ್‌ಗೆ ವಿದಾಯ ಹೇಳಿದ್ರು. ಅವತ್ತು ಸಕಲೇಶಪುರದ ಕಡೆಯ ನಮ್ಮ ವಾಟ್ಸಾಪ್ ಗ್ರೂಪ್‌ಗಳಲ್ಲಿ ಹಳದಿ ಕೆಂಪು ಬಾವುಟಗಳ ಮಧ್ಯೆ ಮಧ್ಯೆ ಅವರದ್ದೇ ಫೋಟೋ. ಪಕ್ಕದ ಕೊಡಗಿನವರು, ಅಪ್ಪ ಕಾಫಿ ಪ್ಲಾಂಟರ್, ಮಾತಾಡೋ ಧಾಟಿ ಕೂಡ ನಮಗೆ ಗೊತ್ತಿರೋ ಥರದ್ದೇ, ಹಾಗಾಗಿ ನಮ್ಮೋರೇ ಅನ್ನೋ ಪ್ರೀತಿ ಎಲ್ಲರಿಗೂ ಇದೆ, ನನಗೂ ಇದೆ. ಬಂದ ಮೆಸೇಜೆಲ್ಲ ಹೆಚ್ಚು ಕಮ್ಮಿ ಒಂದೇ ಥರ. 43ನೇ ವಯಸ್ಸಲ್ಲಿ ಆಸ್ಟ್ರೇಲಿಯನ್ ಓಪನ್ ಗೆದ್ರು, 43ನೇ ವಯಸ್ಸಲ್ಲಿ ಡಬಲ್ಸ್‌ನಲ್ಲಿ ಪ್ರಪಂಚಕ್ಕೇ ನಂಬರ್ ಒನ್ ಆದ್ರು, ಪದ್ಮಶ್ರೀ ಬಂತು, ಮನಸ್ಸಿದ್ರೆ ಮಾರ್ಗ. ಎಲ್ಲಾ ನಿಜವೇ. ಆದ್ರೂ ಓದ್ತಾ ಓದ್ತಾ ನನಗೆ ಏನೋ ಒಂದು ಕೊರೆಯೋಕೆ ಶುರುವಾಯ್ತು, ಯಾಕಂದ್ರೆ ಆ ಮೆಸೇಜ್‌ಗಳನ್ನ ಕಳಿಸ್ತಿದ್ದೋರಲ್ಲಿ ನಮ್ಮ ಭಾವನ ಅಣ್ಣನೂ ಒಬ್ರು, ಅವರು ಅದಕ್ಕೆ ಸ್ವಲ್ಪ ದಿನದ ಹಿಂದೆ ಚಿಕ್ಕಮಗಳೂರಲ್ಲಿ ಒಂದು ಮದುವೆ ಮನೇಲಿ ಆಡಿದ ಮಾತು ಇನ್ನೂ ನನ್ನ ತಲೇಲಿತ್ತು.

ನಮ್ಮಕ್ಕನ ಮಗ ಟೆನಿಸ್ ಆಡ್ತಿದ್ದ. ಅಂದ್ರೆ ಸುಮ್ನೆ ಸಂಜೆ ಹೊತ್ತು ಆಡೋದಲ್ಲ, ಅದನ್ನೇ ಬದುಕು ಮಾಡ್ಕೋಬೇಕು ಅಂತ ಹೊರಟು, ಶಾಲೆ ಬಿಟ್ಟು ಓಪನ್ ಸ್ಕೂಲಲ್ಲಿ ಪರೀಕ್ಷೆ ಬರೆದು, ಊರೂರು ಸುತ್ತಿ, ಐಟಿಎಫ್, ಅಂದ್ರೆ ಅಂತಾರಾಷ್ಟ್ರೀಯ ಟೆನಿಸ್ ಫೆಡರೇಷನ್ನಿನ ಟೂರ್ನಿಗಳನ್ನ ಆಡಿದ ಹುಡುಗ. ಈಗ ಆಡೋದು ನಿಲ್ಲಿಸಿ ಮಕ್ಕಳಿಗೆ ಹೇಳ್ಕೊಡ್ತಾನೆ. ಆ ಮದುವೇಲಿ ಊಟಕ್ಕೆ ಕೂತಿದ್ವಿ, ಎಲೆಗೆ ಪಲ್ಯ ಕೋಸಂಬರಿ ಬಡಿಸಿ ಆಗಿತ್ತು, ಅವನ ದೊಡ್ಡಪ್ಪ ಎದುರುಗಡೆ ಸಾಲಲ್ಲಿ. "ಏನ್ ಮರಿ, ನಿನ್ನ ಟೆನಿಸ್ ಎಲ್ಲಿಗೆ ಬಂತು? ಟೀವಿಲಿ ಯಾವಾಗ ನೋಡೋದು ನಿನ್ನ?" ಅಂದ್ರು. "ಆಡೋದು ಬಿಟ್ಟೆ ದೊಡ್ಡಪ್ಪ, ಈಗ ಕೋಚಿಂಗ್ ಮಾಡ್ತಿದೀನಿ" ಅಂದ ಇವನು. "ಅಯ್ಯೋ, ಅಷ್ಟು ದುಡ್ಡು ಸುರಿದು, ಓದೂ ಬಿಟ್ಟು, ಕೊನೆಗೆ ಏನೂ ಆಗ್ಲಿಲ್ವಲ್ಲಪ್ಪ" ಅಂದ್ರು ಅವರು, ನಿಜವಾದ ಮರುಕದಿಂದಲೇ. ಹುಡುಗ "ಹ್ಞೂಂ ದೊಡ್ಡಪ್ಪ" ಅಂದು ಸಾರಿನವರನ್ನ ಕರೆದ. ಪಕ್ಕದಲ್ಲಿ ಕೂತಿದ್ದ ನಮ್ಮಕ್ಕ ಆಮೇಲೆ ಎಲೆ ಮೇಲಿಂದ ಕಣ್ಣು ಎತ್ತಲೇ ಇಲ್ಲ.

ಏನೂ ಆಗ್ಲಿಲ್ಲ ಅನ್ನೋದು ಇದ್ಯಲ್ಲ, ಅದೇ ನನ್ನ ಕೊರೆದಿದ್ದು. ಒಬ್ಬರ ಕೆರಿಯರ್ ಅಂದ್ರೆ ಕಪ್ ಎತ್ತಿದ ಆ ಒಂದು ಸಂಜೆ, ಇನ್ನೊಬ್ಬನದ್ದು ಕಪ್ ಎತ್ತಲಿಲ್ಲ ಹಾಗಾಗಿ ಇಲ್ಲವೇ ಇಲ್ಲ. ಮಧ್ಯದಲ್ಲಿ ಇರೋ ಅಷ್ಟೂ ವರ್ಷಗಳು ಇಬ್ಬರಿಗೂ ಲೆಕ್ಕಕ್ಕೆ ಬರಲ್ಲ. ಬೋಪಣ್ಣನ ಆ ಮಧ್ಯದ ವರ್ಷಗಳನ್ನ ನೋಡಿದ್ರೆ ಮಾತ್ರ ನಮ್ಮ ಹುಡುಗ ಏನು ಮಾಡ್ತಿದ್ದ ಅನ್ನೋದು ಅರ್ಥ ಆಗತ್ತೆ ಅಂತ ನನಗೆ ಬಲವಾಗಿ ಅನ್ಸತ್ತೆ, ಹಾಗೇ ಇವನ ಜೊತೆ ನಾಲ್ಕು ದಿನ ಓಡಾಡಿದ್ರೆ ಬೋಪಣ್ಣ ಏನು ಸಾಧಿಸಿದ್ರು ಅನ್ನೋದೂ ನಿಜವಾಗಿ ಗೊತ್ತಾಗತ್ತೆ.

ಕೆಳಗಿನ ಮೆಟ್ಟಿಲು

ಟೀವಿಲಿ ನಾವು ನೋಡೋದು ವಿಂಬಲ್ಡನ್, ಫ್ರೆಂಚ್ ಓಪನ್ ಥರದ ಗ್ರ್ಯಾಂಡ್ ಸ್ಲಾಮ್, ಅಂದ್ರೆ ಅತಿ ದೊಡ್ಡ ಟೂರ್ನಿಗಳು. ಅಲ್ಲಿ ಸಿಂಗಲ್ಸ್ ಮೇನ್ ಡ್ರಾದಲ್ಲಿ 128 ಜನ. ಅದ್ರಲ್ಲಿ ನೂರಾ ಚಿಲ್ಲರೆ ಜನ ರ‍್ಯಾಂಕಿಂಗ್ ಮೇಲೆ ನೇರವಾಗಿ ಬರ್ತಾರೆ, 16 ಜನ ಮೂರು ಸುತ್ತು ಕ್ವಾಲಿಫೈಯಿಂಗ್ ಗೆದ್ದು ಬರ್ತಾರೆ, ಮಿಕ್ಕಿದ್ದು ವೈಲ್ಡ್ ಕಾರ್ಡ್, ಅಂದ್ರೆ ಟೂರ್ನಿ ನಡೆಸೋರೇ ಕರೆದು ಕೊಡೋ ಜಾಗ. ಅದರ ಕೆಳಗೆ ಎಟಿಪಿ, ಅಂದ್ರೆ ಗಂಡಸರ ಪ್ರೊಫೆಷನಲ್ ಟೆನಿಸ್ ನಡೆಸೋ ಸಂಸ್ಥೆಯ ಟೂರ್ನಿಗಳು, ಅದರ ಕೆಳಗೆ ಚಾಲೆಂಜರ್, ಬೆಂಗಳೂರಿನ ಕಬ್ಬನ್ ಪಾರ್ಕಲ್ಲಿ ರಾಜ್ಯ ಟೆನಿಸ್ ಸಂಸ್ಥೆಯ ಕೆಎಸ್ಎಲ್‌ಟಿಎ ಸ್ಟೇಡಿಯಂನಲ್ಲಿ ನಡೆಯೋ ಬೆಂಗಳೂರು ಓಪನ್ ಇದ್ಯಲ್ಲ ಅದು ಚಾಲೆಂಜರ್. ಅದರಲ್ಲಿ 2017ರಲ್ಲಿ ಸುಮಿತ್ ನಾಗಲ್ ಗೆದ್ರು, 2018ರಲ್ಲಿ ಪ್ರಜ್ಞೇಶ್ ಗುಣೇಶ್ವರನ್. ಚಾಲೆಂಜರ್‌ಗಿಂತಲೂ ಕೆಳಗೆ ಐಟಿಎಫ್, ಮುಂಚೆ ಫ್ಯೂಚರ್ಸ್ ಅಂತಿದ್ರು, ಮೈಸೂರು, ಧಾರವಾಡ, ಕಲಬುರಗಿಯಲ್ಲೆಲ್ಲ ಆಗಿದೆ. ಅದರಲ್ಲೂ ಕೆಳಗಿನದು ಎಂ15, ಅಂದ್ರೆ ಇಡೀ ಟೂರ್ನಿಯ ಬಹುಮಾನದ ದುಡ್ಡು ಸೇರಿ 15 ಸಾವಿರ ಡಾಲರ್. ಸಿಂಗಲ್ಸ್ ಗೆದ್ದವನಿಗೆ 2,160 ಡಾಲರ್, ಮೇನ್ ಡ್ರಾ ಮೊದಲ ಸುತ್ತಲ್ಲಿ ಸೋತವನಿಗೆ 156 ಡಾಲರ್, ನಮ್ಮ ಲೆಕ್ಕದಲ್ಲಿ ಹದಿನಾಲ್ಕು ಸಾವಿರದ ಆಸುಪಾಸು, ಅದರಲ್ಲೂ ಟ್ಯಾಕ್ಸ್ ಹಿಡೀತಾರೆ. ಒಂದು ವಾರದ ರೂಮು, ಊಟ, ರೈಲು, ಸ್ಟ್ರಿಂಗು ಇದರಲ್ಲಿ ಮುಗಿಯಲ್ಲ. ರ‍್ಯಾಂಕಿಂಗ್‌ಗೆ ಲೆಕ್ಕ ಹಿಡಿಯೋ ಎಟಿಪಿಯ ಒಂದೇ ಒಂದು ಪಾಯಿಂಟ್ ಬೇಕು ಅಂದ್ರೂ ಎಂ15ನಲ್ಲಿ ಮೇನ್ ಡ್ರಾದೊಳಗೆ ಹೋಗಿ ಅಲ್ಲಿ ಒಂದು ಮ್ಯಾಚ್ ಗೆಲ್ಲಬೇಕು. ಗೆದ್ರೆ ಒಂದು ಪಾಯಿಂಟು, ಟೂರ್ನಿನೇ ಗೆದ್ರೆ 15.

ಇನ್ನೊಂದು ವಿಷಯ ನಮ್ಮ ಭಾವಂಗೆ ಅರ್ಥ ಮಾಡ್ಸೋಕೆ ಬಹಳ ಕಷ್ಟ ಆಗಿತ್ತು. ಪಾಯಿಂಟು ಒಂದ್ಸಲ ಬಂದ್ರೆ ಉಳಿಯಲ್ಲ. 52 ವಾರ ಆದ್ಮೇಲೆ ಹೋಗ್ಬಿಡತ್ತೆ, ಈ ವರ್ಷ ಅದೇ ಹೊತ್ತಿಗೆ ಮತ್ತೆ ಗೆದ್ದು ಅದನ್ನ ತುಂಬ್ಬೇಕು, ಇಲ್ದಿದ್ರೆ ಸೋಮವಾರ ಹೊಸ ಲಿಸ್ಟ್ ಬಂದಾಗ ಕೆಳಗೆ. ಕೊನೆಗೆ ಹುಡುಗನೇ ಅವರಪ್ಪಂಗೆ ಹೇಳಿದ್ದು, "ಹೋದ ವರ್ಷ ಎಷ್ಟು ಮೂಟೆ ಕಾಫಿ ಆಗಿತ್ತು ಅಂತ ಹೇಳಿ ಈ ವರ್ಷದ ಸಾಲ ತೀರ್ಸೋಕಾಗತ್ತಾ ಅಪ್ಪ, ಹಾಗೇ ಇದು." ಆಮೇಲೆ ಭಾವ ಆ ವಿಷಯ ಕೇಳಲಿಲ್ಲ. ಅವರು ಆ ಕಾಲದಲ್ಲಿ ಇವನ ಆಟಕ್ಕೆ ಅಂತ ಎಷ್ಟು ಕಷ್ಟದಲ್ಲಿ ದುಡ್ಡು ಹೊಂದಿಸ್ತಿದ್ರು ಅನ್ನೋದು ನನಗೆ ಗೊತ್ತು, ರೋಬಸ್ಟಾಗೆ ಒಳ್ಳೆ ರೇಟು ಬಂದಿದ್ದು ಇವನು ಆಟ ನಿಲ್ಲಿಸಿದ ಮೇಲೆ.

ನಮ್ಮ ಜಿಲ್ಲೆಗಳ ಜನಕ್ಕೆ ಕ್ರಿಕೆಟ್ ಆದ್ರೆ ಚೆನ್ನಾಗಿ ಗೊತ್ತು. ಅರಸೀಕೆರೆಯ ಡೇವಿಡ್ ಜಾನ್ಸನ್ ಇಂಡಿಯಾಗೆ ಆಡಿದ್ರು, ಕಡೂರಿನ ವೇದಾ ಕೃಷ್ಣಮೂರ್ತಿ ವರ್ಲ್ಡ್ ಕಪ್ ಫೈನಲ್ ಆಡಿದ್ರು. ಕ್ರಿಕೆಟ್ಟಲ್ಲಿ ಟೀಮಿಗೆ ಸೆಲೆಕ್ಟ್ ಆದ್ರೆ ಆಮೇಲೆ ಬಸ್ಸು, ಹೋಟೆಲ್, ಕೋಚ್, ಫಿಸಿಯೋ ಎಲ್ಲ ಬೋರ್ಡಿಂದು. ರಣಜಿ ಆಡೋ ಹುಡುಗನಿಗೆ ಆಡುವ ಹನ್ನೊಂದರಲ್ಲಿದ್ರೆ ದಿನಕ್ಕೆ 40 ಸಾವಿರದಿಂದ 60 ಸಾವಿರ, ಎಷ್ಟು ಮ್ಯಾಚ್ ಆಡಿದಾನೆ ಅನ್ನೋದರ ಮೇಲೆ. ಸೊನ್ನೆಗೆ ಔಟಾದ್ರೂ ಅದು ಬರತ್ತೆ, ಬರಬೇಕು ಕೂಡ. ಟೆನಿಸ್ಸಲ್ಲಿ ಸೆಲೆಕ್ಷನ್ ಅಂತಿಲ್ಲ, ಯಾರೂ ನಿನ್ನ ಕರ್ಕೊಂಡು ಹೋಗಲ್ಲ, ಟಿಕೆಟ್ ನೀನೇ ಬುಕ್ ಮಾಡ್ಕೋ, ಕೋಚ್‌ಗೆ ನೀನೇ ಸಂಬಳ ಕೊಡು, ಕಾಲು ಉಳುಕಿದ್ರೆ ಆ ವಾರ ಸಂಪಾದನೆ ಸೊನ್ನೆ. 2023ರಲ್ಲಿ ಸುಮಿತ್ ನಾಗಲ್ ಪಿಟಿಐಗೆ ಹೇಳಿದ್ರು, ವರ್ಷ ಪೂರ್ತಿ ಟೂರಲ್ಲಿ ಇರೋಕೆ 80 ಲಕ್ಷದಿಂದ ಒಂದು ಕೋಟಿ ಖರ್ಚಿದೆ, ತನ್ನ ಅಕೌಂಟಲ್ಲಿ ಇರೋದು 900 ಯೂರೋ ಅಂತ. ಆಗ ಅವರು ಭಾರತದ ನಂಬರ್ ಒನ್ ಸಿಂಗಲ್ಸ್ ಆಟಗಾರ! ದೇಶದ ನಂಬರ್ ಒನ್ ಪರಿಸ್ಥಿತಿ ಇದು. ಆಮೇಲೆ ನಾಲ್ಕೇ ತಿಂಗಳಿಗೆ, 2024ರ ಜನವರಿಯಲ್ಲಿ, ಅವರು ಆಸ್ಟ್ರೇಲಿಯನ್ ಓಪನ್‌ನಲ್ಲಿ ಕ್ವಾಲಿಫೈಯಿಂಗ್‌ನಿಂದ ಬಂದು 31ನೇ ಸೀಡ್ (ಆ ಟೂರ್ನಿಯ ಮೇಲಿನ ಆಟಗಾರರ ಪಟ್ಟಿಯಲ್ಲಿ 31ನೇ) ಅಲೆಕ್ಸಾಂಡರ್ ಬುಬ್ಲಿಕ್‌ನ ಸೋಲಿಸಿದ್ರು. ಗ್ರ್ಯಾಂಡ್ ಸ್ಲಾಮ್ ಸಿಂಗಲ್ಸಲ್ಲಿ ಸೀಡೆಡ್ ಆಟಗಾರನ್ನ ಭಾರತದವರೊಬ್ಬರು ಸೋಲಿಸಿದ್ದು 1989ರಲ್ಲಿ ರಮೇಶ್ ಕೃಷ್ಣನ್ ಮಾಡಿದ ಮೇಲೆ ಅದೇ ಮೊದಲು. ಎರಡನೇ ಸುತ್ತಿಗೆ ಬಂದಿದ್ದಕ್ಕೆ ಸಿಕ್ಕಿದ್ದು 1,80,000 ಆಸ್ಟ್ರೇಲಿಯನ್ ಡಾಲರ್, ನಮ್ಮ ದುಡ್ಡಲ್ಲಿ ಸುಮಾರು 98 ಲಕ್ಷ. ಒಂದು ಮ್ಯಾಚಿನ ಆ ಕಡೆ ಈ ಕಡೆ ಇಷ್ಟು ವ್ಯತ್ಯಾಸ ಇರೋ ಕೆಲಸ ಬೇರೆ ಯಾವುದಿದೆ ಅಂತ ನಾನು ಯೋಚ್ನೆ ಮಾಡ್ತಿರ್ತೀನಿ.

ಒಂದು ಕ್ವಾಲಿಫೈಯಿಂಗ್ ಮ್ಯಾಚ್

ಕರ್ನಾಟಕದಲ್ಲೇ ಆದ ಒಂದು ಐಟಿಎಫ್ ಟೂರ್ನಿಗೆ ನಾನು ಹುಡುಗನ ಜೊತೆ ಹೋಗಿದ್ದೆ. ಅಕ್ಕ ಭಾವ ಇಬ್ರಿಗೂ ಹಣ್ಣು ಕುಯ್ಯೋ ಟೈಮು, ಆಳು ಸಿಗೋದೇ ಕಷ್ಟ, ಹಾಗಾಗಿ ನಾನು ಹೊರಟೆ. ನನ್ನ ಮನಸ್ಸಲ್ಲಿ ಇದ್ದಿದ್ದು ಟೀವಿಲಿ ನೋಡಿದ ಟೆನಿಸ್. ಅಲ್ಲಿ ಹೋಗಿ ನೋಡಿದ್ರೆ ಬೆಳಗ್ಗೆ ಆರೂವರೆಗೇ ಪ್ರಾಕ್ಟೀಸ್ ಕೋರ್ಟಿಗೆ ಹುಡುಗ್ರು ಸಾಲಲ್ಲಿ ನಿಂತಿದಾರೆ, ಒಂದು ಕೋರ್ಟಲ್ಲಿ ನಾಲ್ಕು ಜನ, ಅರ್ಧ ಗಂಟೆ ಅಷ್ಟೇ. ನಮ್ಮೋನು ತಮಿಳುನಾಡಿನ ಒಬ್ಬ ಹುಡುಗನ ಜೊತೆ ರೂಮ್ ಶೇರ್ ಮಾಡಿದ್ದ, ಇಬ್ರಿಗೂ ಸರಿಯಾಗಿ ಬರೋ ಭಾಷೆ ಇಂಗ್ಲಿಷೂ ಅಲ್ಲ ಹಿಂದಿನೂ ಅಲ್ಲ, ಆದ್ರೆ ಯಾವ ದೇಶಕ್ಕೆ ವೀಸಾ ಬೇಗ ಸಿಗತ್ತೆ, ಎಲ್ಲಿ ರೂಮ್ ಅಗ್ಗ, ಯಾವ ಟೂರ್ನಿಗೆ ಜನ ಕಮ್ಮಿ ಎಂಟ್ರಿ ಹಾಕ್ತಾರೆ ಅನ್ನೋದೆಲ್ಲ ರಾತ್ರಿ ಹನ್ನೊಂದರವರೆಗೂ ಮಾತಾಡಿದ್ರು. ಬಾತ್ರೂಮಲ್ಲಿ ಬಕೆಟ್ಟಲ್ಲಿ ಬಟ್ಟೆ ನೆನೆ ಹಾಕಿ ಕಿಟಕಿ ಸರಳಿಗೆ ಒಣ ಹಾಕಿದ್ರು. ನಮ್ಮಮ್ಮನ ಕೈಲಿ ತಟ್ಟೆ ಎತ್ತಿಡೋಕೂ ಬೈಸ್ಕೊಳ್ತಿದ್ದ ಹುಡುಗ ಇವನು.

ಮಾರನೇ ದಿನ ಎರಡನೇ ಸುತ್ತಿನ ಕ್ವಾಲಿಫೈಯಿಂಗ್. ಬಿಸಿಲು ಅಂದ್ರೆ ಬಿಸಿಲು. ನೋಡೋಕೆ ಇದ್ದಿದ್ದು ನಾನು, ಎದುರು ಹುಡುಗನ ಅಪ್ಪ, ಮತ್ತೆ ನೀರಿನ ಕ್ಯಾನ್ ತಂದಿದ್ದ ಒಬ್ಬರು. ಲೈನ್ ಅಂಪೈರ್ ಯಾರೂ ಇಲ್ಲ, ತಮ್ಮ ಕಡೆ ಬಿದ್ದ ಬಾಲ್ ಇನ್ನಾ ಔಟಾ ಅಂತ ಆಡೋರೇ ಹೇಳ್ಬೇಕು. ಒಂದೊಂದು ಸೆಟ್ ಆಯ್ತು. ಕ್ವಾಲಿಫೈಯಿಂಗಲ್ಲಿ ಮೂರನೇ ಸೆಟ್ ಪೂರ್ತಿ ಇರಲ್ಲ, ಹತ್ತು ಪಾಯಿಂಟಿನ ಟೈಬ್ರೇಕ್. 8-8 ಆಯ್ತು. ಎದುರು ಹುಡುಗ ಫೋರ್‌ಹ್ಯಾಂಡ್ ಹೊಡೆದ, ಬಾಲ್ ನಮ್ಮೋನ ಬೇಸ್‌ಲೈನ್ ಹತ್ರ ಬಿತ್ತು, ನಾನು ಕೂತಿದ್ದ ಜಾಗದಿಂದ ಔಟ್ ಅನ್ಸ್ತು, ಎದುರು ಹುಡುಗನೂ ಔಟ್ ಅಂದ್ಕೊಂಡು ತಲೆ ಬಗ್ಗಿಸಿ ತಿರುಗಿದ್ದ. ನಮ್ಮೋನು ಬಗ್ಗಿ ಗೆರೆ ನೋಡಿ ಕೈ ಚಪ್ಪಟೆ ಮಾಡಿ ತೋರ್ಸ್ದ, 'ಇನ್' ಅಂತ, ಅಂದ್ರೆ ಗೆರೆ ಒಳಗೇ ಬಿದ್ದಿದೆ ಅಂತ. 8-9. ಆಮೇಲಿನ ಪಾಯಿಂಟಲ್ಲಿ ಡಬಲ್ ಫಾಲ್ಟ್ ಮಾಡ್ದ, ಮ್ಯಾಚ್ ಹೋಯ್ತು. ಅವತ್ತು ಅವನು ಔಟ್ ಅಂತ ಕೈ ಎತ್ತಿದ್ದಿದ್ರೆ ಕೇಳೋರು ಯಾರೂ ಇರ್ಲಿಲ್ಲ. ಮೇನ್ ಡ್ರಾ ಅವನಿಗೆ ಎಷ್ಟು ಬೇಕಾಗಿತ್ತು ಅನ್ನೋದು ಗೊತ್ತಿದ್ದ ನನಗೆ ಗಂಟಲು ಕಟ್ಟಿ ಬಂತು. ಬೆಂಚ್ ಮೇಲೆ ಟವಲ್ ತಲೆ ಮೇಲೆ ಹಾಕ್ಕೊಂಡು ಸ್ವಲ್ಪ ಹೊತ್ತು ಕೂತಿದ್ದ, ಆಮೇಲೆ ಎದ್ದು ಒಂದು ಬಾಳೆಹಣ್ಣು ತಿಂದ, ಸೀದಾ ಹೋಗಿ ಈಗಷ್ಟೇ ತನ್ನ ಸೋಲಿಸಿದ ಹುಡುಗನ್ನ ಕೇಳ್ದ, "ಡಬಲ್ಸ್‌ಗೆ ಪಾರ್ಟ್ನರ್ ಇದಾರಾ ನಿಂಗೆ?" ಆ ಹುಡುಗನಿಗೆ ಇರ್ಲಿಲ್ಲ. ಇಬ್ರೂ ಹೋಗಿ ಹೆಸರು ಬರೆಸಿದ್ರು. ಆ ಟೂರ್ನಿಲಿ ಡಬಲ್ಸಲ್ಲಿ ಒಂದು ಸುತ್ತು ಗೆದ್ರು ಕೂಡ.

ಇಷ್ಟೇ ನಾನು ನೋಡಿದ್ದು. ಇಂಥ ವಾರ ಅವನು ಎಷ್ಟೋ ಕಳೆದಿದಾನೆ, ಹೈದರಾಬಾದು, ಟ್ಯುನೀಷಿಯಾ, ಈಜಿಪ್ಟ್ ಎಲ್ಲ ಕಡೆ, ನಾವ್ಯಾರೂ ಜೊತೇಲಿ ಇಲ್ದೆ. ರ‍್ಯಾಂಕಿಂಗ್ ಸಾವಿರದ ಆಚೆಗೇ ಉಳೀತು. ಆದ್ರೆ ಮಾರನೇ ದಿನ ಎದ್ದು ಮತ್ತೆ ಸಾಲಲ್ಲಿ ನಿಲ್ಲೋದು, ಸೋಲಿಸಿದವನ ಹತ್ರಾನೇ ಹೋಗಿ ಜೊತೆಗೆ ಆಡೋಣ ಅನ್ನೋದು, ಯಾರೂ ನೋಡ್ದೆ ಇದ್ದಾಗ ಎದುರಾಳಿ ಬಾಲ್ 'ಇನ್' ಅನ್ನೋದು, ಇದನ್ನೆಲ್ಲ ಒಬ್ಬ ಇಪ್ಪತ್ತರ ಹುಡುಗ ಮಾಡ್ತಿದಾನೆ ಅಂದ್ರೆ ಅದನ್ನ ಏನೂ ಆಗ್ಲಿಲ್ಲ ಅನ್ನೋಕೆ ನನಗೆ ಬಾಯಿ ಬರಲ್ಲ.

ಮೂರರಿಂದ ಒಂದಕ್ಕೆ ಹತ್ತು ವರ್ಷ

ಈಗ ಬೋಪಣ್ಣನ ವಿಷಯ. ಹನ್ನೊಂದನೇ ವಯಸ್ಸಿಗೆ ರ‍್ಯಾಕೆಟ್ ಹಿಡಿದೋರು, ಟೆನಿಸ್ ಲೆಕ್ಕದಲ್ಲಿ ಅದು ಬೇಗ ಅಲ್ಲ. ಕೊಡಗಲ್ಲಿ ಸೌದೆ ಸೀಳಿ ಸರ್ವ್‌ಗೆ ಬೇಕಾದ ಶಕ್ತಿ ಬೆಳೆಸ್ಕೊಂಡಿದ್ದು, ಕಾಫಿ ತೋಟದೊಳಗೆ ಓಡಿ ಉಸಿರು ಗಟ್ಟಿ ಮಾಡ್ಕೊಂಡಿದ್ದು, ಬಿರುಕು ಬಿಟ್ಟ ಕೋರ್ಟಲ್ಲಿ ಆಡಿದ್ದು, ಇದನ್ನ ಅವರೇ ವಿದಾಯದ ದಿನ ನೆನೆಸ್ಕೊಂಡಿದ್ರು. ಆಮೇಲೆ ಪುಣೆಗೆ ಹೋಗಿ ನಂದನ್ ಬಾಳ್ ಹತ್ರ ಕಲಿತ್ರು. 2003ರಲ್ಲಿ ಪ್ರೊಫೆಷನಲ್ ಆದ್ರು. ಸಿಂಗಲ್ಸಲ್ಲಿ ಅವರ ಅತ್ಯುತ್ತಮ ರ‍್ಯಾಂಕಿಂಗ್ 213, ಅದೂ 2007ರಲ್ಲಿ. ಅಲ್ಲಿಗೆ 27 ವರ್ಷ. ಆ ಹೊತ್ತಿಗೆ ಯಾರಾದ್ರೂ ಮದುವೆ ಮನೇಲಿ ಎಲೆ ಮುಂದೆ ಅವರನ್ನ ಕೇಳಿದ್ದಿದ್ರೆ ಏನು ಉತ್ತರ ಇರ್ತಿತ್ತು? ಗ್ರ್ಯಾಂಡ್ ಸ್ಲಾಮ್ ಮೇನ್ ಡ್ರಾಗೆ ನೇರವಾಗಿ ಹೋಗೋಕೆ ಹೆಚ್ಚು ಕಮ್ಮಿ ನೂರರ ಒಳಗೆ ಬರ್ಬೇಕು, ಇವರು 213.

2010ರಲ್ಲಿ ಪಾಕಿಸ್ತಾನದ ಐಸಾಮ್ ಉಲ್ ಹಕ್ ಖುರೇಷಿ ಜೊತೆ ಸೇರಿ ಯುಎಸ್ ಓಪನ್ ಡಬಲ್ಸ್ ಫೈನಲ್‌ಗೆ ಬಂದ್ರು. ಆಗ ಅವರಿಗೆ 30. ಸ್ಟ್ಯಾಂಡಲ್ಲಿ ವಿಶ್ವಸಂಸ್ಥೆಯ ಭಾರತದ ರಾಯಭಾರಿ ಪಾಕಿಸ್ತಾನದ ರಾಯಭಾರಿ ಅಕ್ಕಪಕ್ಕ ಕೂತು ನೋಡಿದ್ರು. ಬ್ರಯಾನ್ ಸಹೋದರರ ಎದುರು ಎರಡೂ ಸೆಟ್ ಟೈಬ್ರೇಕಲ್ಲಿ ಹೋಯ್ತು. ಅದಾಗಿ ಒಂದು ವಾರಕ್ಕೆ ಚೆನ್ನೈನಲ್ಲಿ ಬ್ರೆಜಿಲ್ ಎದುರು ಡೇವಿಸ್ ಕಪ್, ಅಂದ್ರೆ ದೇಶ ದೇಶಗಳ ನಡುವಿನ ಟೆನಿಸ್, ಐದು ಮ್ಯಾಚಲ್ಲಿ ಮೂರು ಗೆಲ್ಲಬೇಕು. ಮೊದಲ ದಿನ ಬೋಪಣ್ಣ ಬೆಲುಚ್ಚಿ ಎದುರು ಐದು ಸೆಟ್ ಆಡಿ ಸೋತ್ರು, ನಮ್ಮ ಇನ್ನೊಬ್ಬ ಸಿಂಗಲ್ಸ್ ಆಟಗಾರ ಸೋಮ್‌ದೇವ್ ದೇವವರ್ಮನ್ ಕೂಡ ಸೋತ್ರು, ಭಾರತ 0-2. ಡಬಲ್ಸ್ ಗೆದ್ದು, ಸೋಮ್‌ದೇವ್ ಗೆದ್ದು 2-2 ಆಗಿ, ಕೊನೇ ಮ್ಯಾಚ್‌ಗೆ ಮತ್ತೆ ಬೋಪಣ್ಣನೇ ಇಳೀಬೇಕಾಯ್ತು, ರಿಕಾರ್ಡೊ ಮೆಲ್ಲೊ ಎದುರು ಮೂರೇ ಸೆಟ್ಟಲ್ಲಿ ಗೆದ್ರು. ನನ್ನ ಕಣ್ಣಲ್ಲಿ ಬೋಪಣ್ಣನ ಕೆರಿಯರಿನ ಅತಿ ದೊಡ್ಡ ಭಾನುವಾರ ಅದೇ, ಆಸ್ಟ್ರೇಲಿಯನ್ ಓಪನ್‌ಗಿಂತ ಒಂದು ಕೈ ಮೇಲೆ. ನ್ಯೂಯಾರ್ಕಲ್ಲಿ ಫೈನಲ್ ಸೋತು, ಇಲ್ಲಿಗೆ ಬಂದು ಮೊದಲ ದಿನ ಮತ್ತೆ ಸೋತು, ಮೂರನೇ ದಿನ ಇಡೀ ದೇಶದ ಭಾರ ಹೊತ್ತು ಸಿಂಗಲ್ಸ್ ಆಡಿ ಗೆದ್ದಿದ್ದು, ಸಿಂಗಲ್ಸಲ್ಲಿ ಹೆಸರು ಮಾಡದ ಮನುಷ್ಯ. ನವೆಂಬರ್ 1ರ ಮೆಸೇಜ್‌ಗಳಲ್ಲಿ ಇದು ಒಂದರಲ್ಲೂ ಇರ್ಲಿಲ್ಲ.

2013ರಲ್ಲಿ ಡಬಲ್ಸ್ ರ‍್ಯಾಂಕಿಂಗಲ್ಲಿ 3ನೇ ಸ್ಥಾನಕ್ಕೆ ಬಂದ್ರು. 3ನೇ ಸ್ಥಾನದಿಂದ 1ನೇ ಸ್ಥಾನಕ್ಕೆ ಬಂದಿದ್ದು 2024ರ ಜನವರಿಯಲ್ಲಿ. ಮಧ್ಯದಲ್ಲಿ ಹತ್ತು ವರ್ಷ! 2012ರಲ್ಲಿ ಮಹೇಶ್ ಭೂಪತಿ ಜೊತೆ ವರ್ಷದ ಕೊನೆಯ ಎಟಿಪಿ ಫೈನಲ್ಸಲ್ಲಿ ಫೈನಲ್ ಸೋಲು, 2015ರಲ್ಲಿ ಫ್ಲೋರಿನ್ ಮೆರ್ಜಿಯಾ ಜೊತೆ ಅದೇ ಟೂರ್ನಿಲಿ ಮತ್ತೆ ಫೈನಲ್ ಸೋಲು. 2016ರಲ್ಲಿ ರಿಯೋ ಒಲಿಂಪಿಕ್ಸಲ್ಲಿ ಸಾನಿಯಾ ಮಿರ್ಜಾ ಜೊತೆ ಪದಕದ ಹತ್ತಿರ ಬಂದು ನಾಲ್ಕನೇ ಸ್ಥಾನ. 2017ರಲ್ಲಿ ಕೆನಡಾದ ಗೇಬ್ರಿಯೆಲಾ ಡಬ್ರೋವ್‌ಸ್ಕಿ ಜೊತೆ ಫ್ರೆಂಚ್ ಓಪನ್ ಮಿಕ್ಸೆಡ್ ಡಬಲ್ಸ್, ಅದು ಮೊದಲ ಗ್ರ್ಯಾಂಡ್ ಸ್ಲಾಮ್, 37ನೇ ವಯಸ್ಸಲ್ಲಿ. ಡಬಲ್ಸ್ ಆಟಗಾರನ ಬದುಕಲ್ಲಿ ಕಾಣದೇ ಇರೋ ಒಂದು ಕೆಲಸ ಅಂದ್ರೆ ಪಾರ್ಟ್ನರ್ ಹುಡುಕೋದು. ಗ್ರ್ಯಾಂಡ್ ಸ್ಲಾಮ್ ಪುರುಷರ ಡಬಲ್ಸಲ್ಲೇ 19 ಬೇರೆ ಬೇರೆ ಜನರ ಜೊತೆ ಆಡಿದ್ರಂತೆ ಅವರು 2024ರಲ್ಲಿ ಆಸ್ಟ್ರೇಲಿಯನ್ ಓಪನ್ ಕಪ್ ಎತ್ತೋ ಹೊತ್ತಿಗೆ. ಪ್ರತಿಸಲ ಹೊಸ ಮನುಷ್ಯ, ಅವನ ಸರ್ವ್ ಎಲ್ಲಿ ಬೀಳತ್ತೆ, ನೆಟ್ಟಲ್ಲಿ ಯಾವ ಕಡೆ ಜಿಗೀತಾನೆ, ಸೋತಾಗ ಮಾತಾಡ್ತಾನಾ ಸುಮ್ನಿರ್ತಾನಾ, ಎಲ್ಲ ಮೊದಲಿಂದ ಕಲೀಬೇಕು. ನಮ್ಮ ಹುಡುಗ ಬಾಳೆಹಣ್ಣು ತಿಂದು ಹೋಗಿ ಕೇಳಿದ್ನಲ್ಲ, ಅದೇ ಪ್ರಶ್ನೆನ ಬೋಪಣ್ಣ ಇಪ್ಪತ್ತು ವರ್ಷ ಕೇಳಿದಾರೆ.

ಇನ್ನು 2021. ಆ ವರ್ಷ ತಿಂಗಳುಗಟ್ಟಲೆ ಒಂದು ಮ್ಯಾಚೂ ಗೆಲ್ಲದೆ, ಪೋರ್ಚುಗಲ್‌ನಲ್ಲಿ ಸಮುದ್ರದ ಹತ್ರ ಕೂತು ಇನ್ನು ಸಾಕು, ಮನೆಗೆ ಹೋಗೋಣ ಅಂತ ಯೋಚಿಸಿದ್ದನ್ನ ಅವರೇ ಎಷ್ಟೋ ಸಲ ಹೇಳ್ಕೊಂಡಿದಾರೆ. ಮೊಣಕಾಲಲ್ಲಿ ಮೂಳೆ ಮೂಳೆ ಮಧ್ಯೆ ಇರಬೇಕಾದ ಕಾರ್ಟಿಲೇಜ್ ಸವೆದು ಹೋಗಿತ್ತು. ಅದಕ್ಕೆ ಅಯ್ಯಂಗಾರ್ ಯೋಗ ಹಿಡಿದ್ರು, ಅದರಿಂದ ಕಾಲು ಮತ್ತೆ ನಿಂತಿತು ಅಂತಾರೆ. (ಆ ಯೋಗ ಕಟ್ಟಿದ ಬಿ.ಕೆ.ಎಸ್. ಅಯ್ಯಂಗಾರ್ ಹುಟ್ಟಿದ್ದು ನಮ್ಮ ಕೋಲಾರ ಜಿಲ್ಲೆಯ ಬೆಳ್ಳೂರಲ್ಲಿ, ಕಲಿಸಿ ಹೆಸರಾಗಿದ್ದು ಪುಣೆಯಲ್ಲಿ. ನಮ್ಮ ಕಡೆ ಜನ ಹೊರಗೆ ಹೋಗೇ ದೊಡ್ಡೋರಾಗಬೇಕೇನೋ.) 2023ರ ಶುರುವಿಂದ ಆಸ್ಟ್ರೇಲಿಯಾದ ಮ್ಯಾಥ್ಯೂ ಎಬ್ಡೆನ್ ಜೊತೆಗೂಡಿದ್ರು, ಮಾರ್ಚಲ್ಲಿ ಇಂಡಿಯನ್ ವೆಲ್ಸ್ ಗೆದ್ರು, ವಿಂಬಲ್ಡನ್ ಸೆಮಿಫೈನಲ್, ಯುಎಸ್ ಓಪನ್ ಫೈನಲ್. ಆಮೇಲೆ 2024ರ ಜನವರಿ, ಮೆಲ್ಬರ್ನಲ್ಲಿ ಆಸ್ಟ್ರೇಲಿಯನ್ ಓಪನ್. ಅಲ್ಲಿ ಕ್ವಾರ್ಟರ್‌ಫೈನಲ್ ಗೆದ್ದಾಗಲೇ ನಂಬರ್ ಒನ್ ಖಾತ್ರಿ ಆಗಿತ್ತು, ಸೆಮಿಫೈನಲ್ ಮೂರನೇ ಸೆಟ್ಟಿನ ಟೈಬ್ರೇಕ್‌ವರೆಗೂ ಹೋಗಿ 10-7ರಲ್ಲಿ ಉಳೀತು, ಫೈನಲಲ್ಲಿ ಇಟಲಿಯ ಬೊಲೆಲ್ಲಿ ಮತ್ತು ವವಾಸೊರಿ ಎದುರು 7-6, 7-5. ಆ 10-7 ಆ ಕಡೆ ಹೋಗಿದ್ದಿದ್ರೆ ನಂಬರ್ ಒನ್ ಆಗಿರ್ತಿದ್ರು, ಕಪ್ ಇರ್ತಿರ್ಲಿಲ್ಲ.

ವಯಸ್ಸನ್ನ ಗೆದ್ರು ಅಂತ ಎಲ್ಲರೂ ಬರೆದ್ರು. ನನಗೆ ಕಾಣೋದು ಬೇರೆ, ಅವರು ಏನೇನು ಬಿಟ್ರು ಅನ್ನೋದು. ಸಿಂಗಲ್ಸ್ ಬಿಟ್ರು, ಪ್ರತಿಯೊಬ್ಬ ಹುಡುಗನೂ ಮೊದಲು ಕಾಣೋ ಕನಸು ಅದು. ಹಳೇ ಥರದ ತರಬೇತಿ ಬಿಟ್ರು. 2024ರ ಪ್ಯಾರಿಸ್ ಒಲಿಂಪಿಕ್ಸಲ್ಲಿ ಶ್ರೀರಾಮ್ ಬಾಲಾಜಿ ಜೊತೆ ಮೊದಲ ಸುತ್ತಲ್ಲೇ ಸೋತಾಗ ದೇಶದ ಪರ ಆಡೋದನ್ನ ಬಿಟ್ರು. ತಮ್ಮ ಕೈಲಿ ಆಗೋ ಆಟ ಯಾವುದು ಅಂತ ಕಂಡ್ಕೊಂಡು ಅದರಲ್ಲೇ ಉಳಿದ್ರು. ಯೂಕಿ ಭಾಂಬ್ರಿನೂ ಅದೇ ದಾರಿ. 2009ರಲ್ಲಿ ಆಸ್ಟ್ರೇಲಿಯನ್ ಓಪನ್ ಜೂನಿಯರ್ ಚಾಂಪಿಯನ್, ಸಿಂಗಲ್ಸಲ್ಲಿ 83ರವರೆಗೆ ಬಂದು, ಮೊಣಕಾಲು ಕೈ ಕೊಟ್ಟು, ಡಬಲ್ಸ್‌ಗೆ ತಿರುಗಿ 2025ರ ಯುಎಸ್ ಓಪನ್ ಸೆಮಿಫೈನಲ್ ಆಡಿದ್ರು. ಬೋಪಣ್ಣನ ಕೊನೇ ಟೂರ್ನಿ ಪ್ಯಾರಿಸ್ ಮಾಸ್ಟರ್ಸ್, ಪಾರ್ಟ್ನರ್ ಅದೇ ಬುಬ್ಲಿಕ್, ನಾಗಲ್ ಸೋಲಿಸಿದ್ರಲ್ಲ ಅವರೇ. ಮೊದಲ ಮ್ಯಾಚಲ್ಲೇ ಹತ್ತು ಪಾಯಿಂಟಿನ ಸೂಪರ್ ಟೈಬ್ರೇಕಲ್ಲಿ ಸೋಲು. ಕೊನೇ ವಾರವೂ ಮೊದಲಿನ ವಾರಗಳ ಥರಾನೇ ಇತ್ತು.

ನಮ್ಮ ಕಡೆ ಕೋರ್ಟು

ನಮ್ಮ ಹಾಸನ ಚಿಕ್ಕಮಗಳೂರು ಕಡೆಗೆ ಟೆನಿಸ್ ಹೊಸದೇನಲ್ಲ. ಸಕಲೇಶಪುರದ ಮಂಜರಾಬಾದ್ ಕ್ಲಬ್ 1893ರದ್ದು, ಚಿಕ್ಕಮಗಳೂರಲ್ಲಿ ಕಡೂರ್ ಕ್ಲಬ್ ಇದೆ, ಪ್ಲಾಂಟರ್ಸ್ ಕ್ಲಬ್ ಅಂದ್ರೆ ಟೆನಿಸ್ ಕೋರ್ಟ್ ಜೊತೆಗೇ ಬಂದಿದ್ದು. ಆದ್ರೆ ಅದು ಸಂಜೆ ಆಟ, ಮುಗಿಸಿ ಕಾರ್ಡ್ಸ್ ಟೇಬಲ್‌ಗೆ ಹೋಗೋರ ಆಟ. ಅದರಲ್ಲಿ ತಪ್ಪಿಲ್ಲ, ನಮ್ಮ ಹುಡುಗ ರ‍್ಯಾಕೆಟ್ ಹಿಡಿದಿದ್ದೂ ಅಂಥ ಒಂದು ಮಣ್ಣಿನ ಕೋರ್ಟಲ್ಲೇ, ರೋಲರ್ ಎಳೆದು ಸುಣ್ಣದ ಗೆರೆ ಹಾಕ್ತಿದ್ದ ಅಣ್ಣ ಒಬ್ರು ಅವನಿಗೆ ಬಾಲ್ ಎತ್ತಿ ಹಾಕ್ತಿದ್ರು. ತೊಂದರೆ ಇರೋದು ಮಳೆ. ಜೂನ್ ಬಂತು ಅಂದ್ರೆ ಘಟ್ಟದ ಈ ಅಂಚಲ್ಲಿ ಸೆಪ್ಟೆಂಬರ್‌ವರೆಗೂ ಮಣ್ಣಿನ ಕೋರ್ಟ್ ಮೇಲೆ ಪಾಚಿ. ಹತ್ತು ಹನ್ನೆರಡು ವರ್ಷದ ಮಗು ವರ್ಷದಲ್ಲಿ ನಾಲ್ಕು ತಿಂಗಳು ಆಡದೇ ಇದ್ರೆ ಬೆಂಗಳೂರಿನ ಮಗು ಎಲ್ಲಿ, ಇದು ಎಲ್ಲಿ. ಹಾಗಾಗಿ ಚೆನ್ನಾಗಿ ಆಡೋ ಮಕ್ಕಳು ಊರು ಬಿಡ್ತಾರೆ, ಬಿಡೋಕಾಗದೋರು ಆಟ ಬಿಡ್ತಾರೆ. ಮೇಲೆ ತಗಡು ಹಾಕಿದ ಎರಡು ಕೋರ್ಟ್ ಮಲೆನಾಡಿನ ಒಂದೊಂದು ತಾಲ್ಲೂಕಲ್ಲಿ ಇದ್ರೆ ಸಾಕು, ಅಡಿಕೆ ಒಣಗಿಸೋಕೆ ಕಾಫಿ ಒಣಗಿಸೋಕೆ ನಾವು ಎಷ್ಟೆಷ್ಟು ದೊಡ್ಡ ಶೆಡ್ ಹಾಕ್ತೀವಿ. ಇದನ್ನ ನಾನು ಸಿಕ್ಕ ಸಿಕ್ಕೋರಿಗೆಲ್ಲ ಹೇಳ್ತಿದೀನಿ.

ಮೊನ್ನೆ ಹಾಸನದಲ್ಲಿ ನಮ್ಮ ಪರಿಚಯದ ಒಬ್ರು ಟೀಚರ್, ಮಗಳಿಗೆ ಹತ್ತು ವರ್ಷ, ಟೆನಿಸ್ಸಿಗೆ ಹಾಕ್ಬೇಕು ಅಂತಿದೀನಿ, ನಿಮ್ಮ ಅಕ್ಕನ ಮಗ ಆಡಿದಾನಲ್ಲ, ಹೇಳಿ ಅಂದ್ರು. ಫೋನಲ್ಲಿ ಅವನನ್ನೇ ಹಿಡಿದೆ, ಸ್ಪೀಕರಲ್ಲಿ ಹಾಕಿದೆ. ಅವನು ಏನೂ ಮುಚ್ಚಿಡ್ದೆ ಹೇಳ್ದ. "ಮೊದಲ ಎರಡು ವರ್ಷ ಖರ್ಚು ಜಾಸ್ತಿ ಇಲ್ಲ ಮೇಡಂ, ಕೋರ್ಟ್ ಫೀಸು, ರ‍್ಯಾಕೆಟ್ಟು, ಶೂ ಅಷ್ಟೇ. ಎಐಟಿಎ, ಅಂದ್ರೆ ಅಖಿಲ ಭಾರತ ಟೆನಿಸ್ ಸಂಸ್ಥೆಯ ಟೂರ್ನಿ ಶುರು ಮಾಡಿದ್ರೆ ಆಗ ಅಂಡರ್ 12, ಅಂಡರ್ 14 ಅಂತ ಊರೂರು ಹೋಗ್ಬೇಕು, ಜೊತೆಗೆ ಅಪ್ಪನೋ ಅಮ್ಮನೋ ರಜ ಹಾಕ್ಬೇಕು, ಅಲ್ಲಿಂದ ಲೆಕ್ಕ ಬೇರೆ. ಹದಿನಾರಕ್ಕೆ ನೋಡ್ಕೊಳ್ಳಿ, ಚೆನ್ನಾಗಿ ಆಡ್ತಿದ್ರೆ ಅಮೆರಿಕದ ಕಾಲೇಜಿಗೆ ಸ್ಕಾಲರ್‌ಶಿಪ್ ಸಿಗತ್ತೆ, ಸೋಮ್‌ದೇವ್ ವರ್ಜೀನಿಯಾ ಯೂನಿವರ್ಸಿಟಿಲಿ ಓದಿ ಅಲ್ಲಿ 2007, 2008 ಎರಡು ವರ್ಷ ಚಾಂಪಿಯನ್ ಆಗಿ ಆಮೇಲೆ ಟೂರಿಗೆ ಬಂದಿದ್ದು. ನಾನು ಆ ದಾರಿ ಹಿಡೀಲಿಲ್ಲ, ಸೀದಾ ಟೂರಿಗೆ ಹೋದೆ, ಅದು ನನ್ನ ಇಷ್ಟ."

"ಕೊನೆಗೆ ಏನಾಗ್ತಾಳೆ ಅಂತ ಹೇಳೋಕಾಗತ್ತಾ?" ಅಂತ ಆಕೆ ಕೇಳಿದ್ರು.

"ಆಗಲ್ಲ ಮೇಡಂ. ನಿಮಗೆ ಯಾರಾದ್ರೂ ಹೇಳಿದ್ರೆ ಅವರ ಹತ್ರ ಸೇರಿಸ್ಬೇಡಿ."

ಸ್ವಲ್ಪ ಹೊತ್ತು ಆಕೆ ಸುಮ್ನಿದ್ರು, ಆಮೇಲೆ ಯಾವಾಗಿಂದ ಕಳಿಸ್ಲಿ ಅಂದ್ರು. ಏಪ್ರಿಲ್ ರಜಕ್ಕೇ ಕಳ್ಸಿ, ಜೂನಿಗೆ ಮಳೆ ಹಿಡೀತು ಅಂದ್ರೆ ಮೊದಲ ಪಾಠ ಹಾಳಾಗತ್ತೆ ಅಂದ. ಶೂ ಮಾತ್ರ ಬೆಳೆಯೋ ಮಗು ಅಂತ ಒಂದು ಸೈಜ್ ದೊಡ್ಡದು ತರ್ಬೇಡಿ, ಕಾಲು ಒಳಗೆ ಆಡಿದ್ರೆ ಹಿಮ್ಮಡಿ ಬೊಬ್ಬೆ ಬರತ್ತೆ, ಸರಿಯಾಗಿ ಕೂರೋದೇ ತಗೊಳ್ಳಿ, ವರ್ಷಕ್ಕೆ ಎರಡು ಜೊತೆ ಅಂತ ಖರ್ಚಲ್ಲಿ ಈಗಲೇ ಸೇರಿಸ್ಕೊಳ್ಳಿ ಅಂತಲೂ ಹೇಳ್ದ. ಆಕೆ ಅದನ್ನ ಬರ್ಕೊಂಡ್ರು.